ಸೀಳುನಾಯಿಯ ಕೈ ಹಿಡಿದವಳು

ಬಿಸಿಯಾಗಿದೆ ಈ ಕೈ, ಕೈಯಲ್ಲ, ಪಂಜ, ನಾಲ್ಕೇ ಬೆರಳಿನ ಕೆಂಪು ಪಂಜ, ನಾನೇ ಹೊಲಿದದ್ದು, ಹೆಬ್ಬೆರಳ ಹತ್ತಿರ ಹೊಲಿಗೆ ಸ್ವಲ್ಪ ಬಿಟ್ಟಿದೆ, ಯಾರೂ ನೋಡದಿದ್ದರೆ ಸಾಕು — ಮೆಟ್ಟಿಲು, ಕೂಸು, ಇಲ್ಲೊಂದು ಮೆಟ್ಟಿಲು, ಎಂದು ಬಾಯಿ ಅಲ್ಲಾಡಿಸದೆ ಹೇಳುತ್ತೇನೆ, ಪಕ್ಕದಲ್ಲಿ ಎರಡು ಕಾಲಿನ ಮೇಲೆ ನಿಂತ ಸೀಳುನಾಯಿ ಕಾಲು ತಡವಿ ಇಳಿಯುತ್ತದೆ, ಮಕ್ಕಳೆಲ್ಲ ಓ ಎಂದು ಕೂಗುತ್ತವೆ, ಒಳಗಿರುವುದು ನನ್ನ ಮಗಳು ಭುವನಾ ಎಂದು ಈ ಮೈದಾನದಲ್ಲಿ ಗೊತ್ತಿರುವುದು ನನಗೆ, ತಂಗಮಣಿ ಟೀಚರಿಗೆ, ಬೇರೆ ಯಾರಿಗೂ ಇಲ್ಲ. ಕುಂದಾ ಪವರ್‌ಹೌಸ್ ಕಾಲೋನಿಯ ನರ್ಸರಿ ಸ್ಕೂಲಿನ ವಾರ್ಷಿಕೋತ್ಸವ, ಮೈಕಿನಲ್ಲಿ ಯಾರೋ ತಮಿಳಿನಲ್ಲಿ ಎಲ್ಲರೂ ಕುಳಿತುಕೊಳ್ಳಿ ಎನ್ನುತ್ತಿದ್ದಾರೆ, ಯಾರೂ ಕುಳಿತುಕೊಳ್ಳುತ್ತಿಲ್ಲ, ಅಣೆಕಟ್ಟಿನ ಕಡೆಯಿಂದ ಮಂಜು ಏರುತ್ತಿದೆ, ನನಗೆ ಸ್ವೆಟರಿನೊಳಗೂ ಚಳಿ, ಅವಳಿಗೆ ಒಳಗೆ ಬೆಂಕಿ. ಬಾಲ ಎಳೆಯಬೇಡಪ್ಪಾ, ಬಾಲ ಎಳೆದರೆ ಅದಕ್ಕೆ ನೋವಾಗುತ್ತೆ — ಅವಳಿಗೆ ಎದುರಿಗಿರುವುದು ಮಾತ್ರ ಕಾಣುತ್ತದೆ, ಕಾಲ ಬುಡ ಕಾಣದು, ಅಕ್ಕಪಕ್ಕ ಕಾಣದು, ಕಣ್ಣು ಎಂದರೆ ಎರಡು ತುಂಡು ಜಾಲರಿ, ಅದಕ್ಕೇ ನಾನು. ಈ ಕೆಲಸಕ್ಕೆ ವೇಷ ಹಾಕುವ ಅವಳ ಗುಂಪಿನಲ್ಲಿ ಹ್ಯಾಂಡ್ಲರ್ ಅಂತ ಹೆಸರು. ಮೊದಲ ಸಲ ಕೇಳಿದಾಗ ಫ್ಯಾಕ್ಟರಿಯಲ್ಲಿ ಟೀ ಪೆಟ್ಟಿಗೆ ಎತ್ತಿ ಇಳಿಸುವವರೋ ಎಂದೆ, ಭುವನಾ ನಕ್ಕಳು, ಎಷ್ಟು ದಿನದ ಮೇಲೆ ನಕ್ಕಳು. ಅಲ್ಲ ಅವ್ವೆ, ವೇಷ ಹಾಕಿದವರ ಕೈ ಹಿಡಿದು ನಡೆಸುವವರು, ನೀರು ಕುಡಿಸುವವರು, ಅವರು ಬಾಯಿ ಬಿಡುವುದಿಲ್ಲವಲ್ಲ, ಅವರ ಬದಲಿಗೆ ಮಾತಾಡುವವರು, ಒಳಗೆ ಯಾರು ಎಂದು ಕೇಳಿದರೆ ಹೇಳದವರು. ಆಗ ನಾನು ಅಂದೆ, ಇಪ್ಪತ್ತೇಳು ವರ್ಷದಿಂದ ಅದೇ ತಾನೆ ಮಾಡುತ್ತಿದ್ದೇನೆ, ಹೆಸರು ಗೊತ್ತಿರಲಿಲ್ಲ ಅಷ್ಟೆ.

ಎಲ್ಲ ಸೇರಿ ಎಷ್ಟು ಮಾತು ಕಲಿಸಿದಳು ಒಂದು ವರ್ಷದಲ್ಲಿ, ಒಲೆಯ ಮುಂದೆ ಕೂತು, ರಾಗಿ ಹಿಟ್ಟು ತಿರುವುತ್ತಾ. ಮೂರು ವರ್ಷದ ಕೆಳಗೆ ನಮ್ಮ ಹೆತ್ತೆ ದೇವಿಯ ಹಬ್ಬದ ವಾರದಲ್ಲಿ ಸಂಜೆಯ ಬಸ್ಸಿಗೆ ಟ್ರಂಕು ಹೊತ್ತು ಬಂದು ಇಳಿದಳಲ್ಲ, ಏನಮ್ಮಾ ಎಂದರೆ, ಮಾಮಿಗೆ ನಾನು ಬೇಡವಂತೆ, ಹಬ್ಬ ಮುಗಿಸಿ ಬರುವಷ್ಟರಲ್ಲಿ ನಾನು ಮನೆಯಲ್ಲಿರಬಾರದಂತೆ, ರಾಜೇಶ್ ಹೇಳಿದರು — ಅಷ್ಟೇ, ಅಳಲೂ ಇಲ್ಲ, ಟ್ರಂಕನ್ನು ಅಟ್ಟದ ಕೆಳಗೆ ತಳ್ಳಿ ಮಲಗಿಬಿಟ್ಟಳು. ರಾಜೇಶ್ ಅವಳ ಗಂಡ, ಮಾಮಿ ಅಂದರೆ ಅವನ ತಾಯಿ ಪಾಪಾತಿ, ನನಗಿಂತ ಹಿರಿಯವಳು, ಮದುವೆಯ ದಿನ ನನ್ನ ಕೈ ಹಿಡಿದು ನನಗೂ ಒಬ್ಬಳು ಮಗಳು ಬಂದಳು ಎಂದವಳು, ಅವಳೇ ಹೀಗೆ ಮಾಡಿದಳಲ್ಲ. ನಮ್ಮೂರು ಅವರೂರು, ಎರಡು ಹಟ್ಟಿಯ ಗಂಡಸರು ಕೂತು ಮಾತಾಡಿ ಮುಗಿಸಿದರು, ಹೆಂಗಸರನ್ನು ಯಾರು ಕೇಳುತ್ತಾರೆ, ನಾನೂ ಹೋಗಿ ಕೇಳಲಿಲ್ಲ, ಅವಳ ಬಾಗಿಲಿಗೆ ನಾನೇಕೆ ಹೋಗಲಿ. ನನ್ನ ಅಜ್ಜಿಯ ಕಾಲದಲ್ಲಿ ಹೀಗೆ ಬಂದ ಹುಡುಗಿಗೆ ಮುಂದಿನ ವರ್ಷ ಇನ್ನೊಂದು ಮನೆ ನೋಡುತ್ತಿದ್ದರು, ಅದನ್ನು ಯಾರೂ ದೊಡ್ಡದು ಮಾಡುತ್ತಿರಲಿಲ್ಲ, ಈಗ ಎಲ್ಲರೂ ಓದಿದ್ದೇವೆ, ನಲ್ಲಿಯ ಹತ್ತಿರ ಕೊಡ ಇಟ್ಟುಕೊಂಡು ಭುವನಾ ಇನ್ನೂ ಇಲ್ಲೇ ಇದ್ದಾಳಾ ಎಂದು ಕೇಳುತ್ತೇವೆ. ಅವಳು ನಲ್ಲಿಗೆ ಹೋಗುವುದನ್ನು ಬಿಟ್ಟಳು, ಮದುವೆಗಳಿಗೆ ಹೋಗುವುದನ್ನೂ ಬಿಟ್ಟಳು, ನಮ್ಮ ಅಣ್ಣ ಸತ್ತಾಗ ಸಾವಿನ ಮನೆಗೂ ಬರಲಿಲ್ಲ, ನಾನೊಬ್ಬಳೇ ಹೋದೆ. ಆಮೇಲೆ ಮಂಜೂರಿನ ಬ್ರೌಸಿಂಗ್ ಸೆಂಟರಿನಲ್ಲಿ ಕೆಲಸ ಸಿಕ್ಕಿತು, ಅಲ್ಲಿ ಬರುವವರೆಲ್ಲ ಪರೀಕ್ಷೆಯ ಫಲಿತಾಂಶ ನೋಡಲು ಬರುವ ಹುಡುಗರು, ಅವಳ ಮುಖ ನೋಡುವವರಲ್ಲ, ಬಿಡುವಿನಲ್ಲಿ ಅವಳು ಚಿತ್ರ ಬಿಡಿಸಿ ಇಂಟರ್‌ನೆಟ್ಟಿನೊಳಗೆ ಹಾಕಿದಳಂತೆ, ದೂರದೂರಿನ ಜನ ನೋಡಿದರಂತೆ, ತಮ್ಮನ್ನು ತಾವು ಪ್ರಾಣಿಗಳಾಗಿ ಬರೆದುಕೊಳ್ಳುವ, ಆ ಪ್ರಾಣಿಯ ವೇಷ ಹೊಲಿದು ಹಾಕಿಕೊಳ್ಳುವ ಜನ. ಒಬ್ಬ ನರಿ, ಒಬ್ಬಳು ಹಿಮದ ಚಿರತೆ, ಯಾವ ಊರಿನಲ್ಲೋ ಬ್ಯಾಂಕಿನ ಕೆಲಸದವನು ಮುಳ್ಳುಹಂದಿ. ಅದಕ್ಕೆ ಫರ್ಸೋನಾ ಅಂತಾರೆ ಅವ್ವೆ, ಎಂದಳು, ನನಗೆ ಪರ್ಸು ಎಂದು ಕೇಳಿಸಿತು, ದುಡ್ಡಿನ ಚೀಲವಾ ಎಂದೆ. ಅಲ್ಲ, ನಿನ್ನೊಳಗೆ ಒಂದು ಪ್ರಾಣಿ ಇದ್ದರೆ ಯಾವುದು ಇರುತ್ತಿತ್ತೋ ಅದು, ನನ್ನದು ಸೆನ್ನಾಯಿ, ಸೀಳುನಾಯಿ. ನಾಯಿ ಯಾಕೆ, ನವಿಲು ಬೇಡವಾ ಎಂದೆ. ಅವಳಪ್ಪ ಭೋಜನ್ ಹುಲ್ಲಿನ ಹೊರೆ ಇಳಿಸುತ್ತಾ ಹೊರಗಿನಿಂದಲೇ, ಮಸಿನಗುಡಿಯಲ್ಲಿ ನಾನು ನೋಡಿದ್ದೇನೆ ಅದನ್ನು, ಬೊಗಳುವುದಿಲ್ಲ, ಸಿಳ್ಳೆ ಹಾಕುತ್ತದೆ, ದಾರಿ ತಪ್ಪಿದ್ದನ್ನು ಸಿಳ್ಳೆ ಹಾಕಿಯೇ ಕರೆಯುತ್ತವೆ, ಒಂದು ತಿಂದರೆ ಮರಿಗಳಿಗೂ ಬಾಯಿಂದ ಕಕ್ಕಿ ಕೊಡುತ್ತದೆ ಎಂದರು, ಮಗಳ ಜೊತೆ ಅವರು ಅಷ್ಟು ಉದ್ದ ಮಾತಾಡಿ ವರ್ಷವಾಗಿತ್ತು.

ಆ ಗುಂಪಿನ ಹೊರಗಿನವರಿಗೆ ಒಂದು ಹೆಸರಿದೆಯಂತೆ, ಮಂಡೇನ್, ನಾನು ಮಂಡೆ ಎಂದುಕೊಂಡು ನನ್ನ ತಲೆ ಮುಟ್ಟಿಕೊಂಡೆ, ಹೌದು ನೀನು ಅದೇ, ಇಂಥದ್ದೇನೂ ಗೊತ್ತಿಲ್ಲದೆ ಬರೀ ದಿನ ದೂಡುವವರು ಎಂದಳು, ನನಗೆ ಸ್ವಲ್ಪ ಬೇಸರವಾಯಿತು, ದಿನ ದೂಡದೆ ಇನ್ನೇನು ಮಾಡಬೇಕಿತ್ತು, ಟೀ ಸೊಪ್ಪು ಕೀಳದಿದ್ದರೆ ಅನ್ನ ಎಲ್ಲಿಂದ. ಅವಳಿಗೆ ಗೊತ್ತಾಯಿತು, ಬಂದು ಹಸುವಿನ ಗಂಗೆದೊಗಲನ್ನು ಕೆರೆಯುವ ಹಾಗೆ ನನ್ನ ಕಿವಿಯ ಹಿಂದೆ ಕೆರೆದಳು, ಇದು ಸ್ಕ್ರಿಚ್ಚು, ಅಲ್ಲಿ ಯಾರಿಗಾದರೂ ಬೇಜಾರಾದರೆ ಹೀಗೆ ಮಾಡಿದೆ ಎಂದು ಎರಡು ನಕ್ಷತ್ರದ ಗುರುತಿನ ನಡುವೆ ಟೈಪ್ ಮಾಡುತ್ತಾರೆ, ಮುಟ್ಟುವುದಕ್ಕೆ ಆಗುವುದಿಲ್ಲವಲ್ಲ ಅಷ್ಟು ದೂರದಿಂದ. ಆಮೇಲೆ ನಾನು ಪಂಜ ಹೊಲಿಯಲು ಕೂತ ದಿನ ಹೊಸ ಹೆಸರು ಕೊಟ್ಟಳು, ಗ್ರೇಮಝಲ್, ಮೂತಿ ನರೆತವರು, ಆ ಗುಂಪಿನಲ್ಲಿ ವಯಸ್ಸಾದವರನ್ನು ಹಾಗೆ ಕರೆಯುವುದು, ಗೌರವದ ಮಾತು ಎಂದಳು, ಮೂತಿ ಎನ್ನುವುದರಲ್ಲಿ ಎಂಥ ಗೌರವ ಎಂದರೂ ಒಳಗೊಳಗೆ ಹಿತವಾಯಿತು. ಹಿತವಾದದ್ದೆಲ್ಲ ಒಂದು ಸಂಜೆ ಕೆಟ್ಟಿತು, ನನ್ನ ಅಣ್ಣನ ಮಗ ಗಿರಿಧರನ್ ಕೊಯಮತ್ತೂರಿನಿಂದ ಬಂದವನು ಜಗಲಿಗೆ ನನ್ನನ್ನು ಕರೆದು, ಅತ್ತೆ, ಅವಳು ಯಾರ ಜೊತೆ ಸೇರಿದ್ದಾಳೆ ಗೊತ್ತಾ, ಅವರದ್ದೊಂದು ಮಾತಿದೆ, ಯಿಫ್ ಅಂತ, ಅದರ ಅರ್ಥ ನಿಮ್ಮ ಮುಂದೆ ಹೇಳುವ ಹಾಗಿಲ್ಲ ಎಂದ. ರಾತ್ರಿಯೆಲ್ಲ ಆ ಮಾತು ಕಿವಿಯಲ್ಲಿ ನೊಣದ ಹಾಗೆ. ಬೆಳಿಗ್ಗೆ ತೋಟದಲ್ಲಿ ಒಂದೇ ಸಾಲಿನಲ್ಲಿ ಸೊಪ್ಪು ಕೀಳುತ್ತಾ ಕೇಳಿಯೇಬಿಟ್ಟೆ, ಮುಖ ನೋಡದೆ. ಅವಳ ಕೈ ನಿಲ್ಲಲಿಲ್ಲ. ಮೊದಲು ಅದು ನರಿ ಕೂಗುವ ಸದ್ದು ಅವ್ವೆ, ಬಂದೆ, ಹೇಗಿದ್ದೀರಿ ಅನ್ನುವ ಹಾಗೆ, ಆಮೇಲೆ ಕೆಲವರು ಮಂಚದ ಮಾತಿಗೆ ಇಟ್ಟುಕೊಂಡರು, ಈಗ ಅದೇ ಅರ್ಥ ನಿಂತಿದೆ, ಕೆಲವರು ತಮಾಷೆಗೆ ಅನ್ನುತ್ತಾರೆ, ನಾನು ಅನ್ನುವುದಿಲ್ಲ, ಗಿರಿ ಹೇಳಿದ್ದು ಸುಳ್ಳಲ್ಲ, ಆದರೆ ಆ ಒಂದು ಮಾತು ಹಿಡಿದು ಬೀದಿ ಪೂರ್ತಿ ಹಾಗೆ ಅಂದರೆ ಹೇಗೆ. ಮುಚ್ಚಿಟ್ಟಿದ್ದರೆ ನನಗೆ ಅನುಮಾನ ಬರುತ್ತಿತ್ತು, ಬಿಡಿಸಿ ಹೇಳಿದಳಲ್ಲ, ನಾನು ಮುಂದಿನ ಗಿಡಕ್ಕೆ ಸರಿದೆ. ಆ ವಾರವೇ ವೇಷದ ತಲೆಗೆ ಸ್ಪಂಜು ಕತ್ತರಿಸಿದೆವು, ಹಳೆಯ ಹಾಸಿಗೆಯದು, ಕೆಟ್ಟ ಕಂಪ್ಯೂಟರಿನ ಪುಟ್ಟ ಫ್ಯಾನನ್ನು ಮೂಗಿನೊಳಗೆ ಕೂರಿಸಿದಳು, ಗಾಳಿಗೆ.

ಇಲ್ಲಿ ಕೂತುಕೋ, ಬೆಂಚು, ಹಿಂದೆ ಇದೆ, ಹಾ — ನೀರು, ಸ್ಟ್ರಾ ಬಾಯಿಯ ಕೆಳಗಿನಿಂದ ತೂರಿಸುತ್ತೇನೆ, ಎಳೆಯುವ ಸದ್ದು, ಉಸಿರಿನ ಸದ್ದು, ಸಾಕಾ ಎಂದರೆ ಪಂಜ ಅಲ್ಲಾಡಿ ಇನ್ನೂ ಬೇಕು ಎನ್ನುತ್ತದೆ. ತಂಗಮಣಿ ಅವಳ ಜೊತೆ ಓದಿದವಳು, ಮಕ್ಕಳಿಗೆ ಒಂದು ಪ್ರಾಣಿ ಬೇಕು ಬಾರೇ ಎಂದು ಕೇಳಿದಾಗ ಬರುವುದಿಲ್ಲ ಎಂದೇ ಅಂದುಕೊಂಡಿದ್ದೆ, ಬರುತ್ತೇನೆ, ಆದರೆ ಹೆಸರು ಹೇಳಬಾರದು ಎಂದಳು. ಮೂರು ವರ್ಷದಲ್ಲಿ ಮೊದಲ ಸಲ ಇಷ್ಟು ಜನರ ನಡುವೆ ಕೂತಿದ್ದಾಳೆ. ಒಂದು ಮಗು ಓಡಿ ಬರುತ್ತಿದೆ, ಎರಡು ಜಡೆ, ಹಲ್ಲಿಲ್ಲ, ನೇರ ಬಂದು ಸೀಳುನಾಯಿಯ ತೊಡೆ ಏರಿತು, ಹಿಂದಿನಿಂದ ಅಮೃತಾ, ಅಮೃತಾ ಎಂದು ಯಾರೋ ಕರೆಯುತ್ತಾ ಬರುತ್ತಾರೆ, ಆ ದನಿ, ಆ ದನಿ ಎಲ್ಲಿ ಕೇಳಿದ್ದೇನೆ, ಬಿಳಿ ಬಟ್ಟೆ ಸುತ್ತಿದ ಮುದುಕಿ, ತಲೆಗೂ ಬಿಳಿ — ಪಾಪಾತಿ. ನನ್ನ ಕೈಯೊಳಗಿನ ಪಂಜ ಬಿಗಿಯಿತು. ಅವಳಿಗೆ ಎದುರಿಗಿರುವುದು ಮಾತ್ರ ಕಾಣುತ್ತದೆ, ಎದುರಿಗೇ ಇದ್ದಾಳೆ. ಎದ್ದು ಹೋಗೋಣವೇ, ಮಗು ತೊಡೆಯ ಮೇಲಿದೆ, ಹೇಗೆ ಎದ್ದು ಹೋಗುವುದು. ಕಮಲ, ಎಂದಳು ಪಾಪಾತಿ, ನೀ ಇಲ್ಲಿ. ಟೀಚರು ಗೊತ್ತಿರುವವರು, ಅದಕ್ಕೆ ಬಂದೆ ಅಕ್ಕ, ಎಂದೆ. ಅವಳು ಬೆಂಚಿನ ತುದಿಗೆ ಕೂತಳು, ಸೀಳುನಾಯಿಯ ಆ ಪಕ್ಕಕ್ಕೆ, ನಮ್ಮಿಬ್ಬರ ನಡುವೆ ನನ್ನ ಮಗಳು. ಅಮೃತಾ ಅವಳ ಮಗಳ ಮಗಳಂತೆ, ಅಳಿಯನಿಗೆ ಇಲ್ಲಿ ಪವರ್‌ಹೌಸಿನ ಕೆಲಸ, ಈಗ ಅವಳೂ ಇಲ್ಲೇ ಕ್ವಾರ್ಟರ್ಸಿನಲ್ಲಿ ಮಗಳ ಜೊತೆಯಂತೆ, ರಾಜೇಶನ ಮನೆಯಲ್ಲಿ ಇರಲು ಮನಸ್ಸಿಲ್ಲವಂತೆ. ನಾನು ಹೂಂ ಎಂದೆ, ನೋಡಲಿಲ್ಲ. ಅವಳು ನಾಯಿಯ ಮೊಣಕಾಲಿನ ರೋಮವನ್ನು ಸುಮ್ಮನೆ ಸವರುತ್ತಾ, ಒಳಗಿರುವುದು ಕಾಲೋನಿಯ ಯಾರೋ ಹುಡುಗ ಎಂದುಕೊಂಡು, ಅದರ ಮುಂದೆಯೇ ಮೆಲ್ಲಗೆ ಕೇಳಿದಳು.

"ಭುವನಾಗೆ ಎನ್ನ ಮೇಲೆ ಏನ ಕೋಪ, ಕಮಲ? ಹಬ್ಬಕ್ಕ ಹೋಗಿ ಬಪ್ಪದರೊಳಗ ಪೆಟ್ಟಿಗೆ ಎತ್ತಿಕೊಂಡು ಹೋದಳೇ. ಮುದುಕಿ ಜೊತೆ ಬಾಳಕ್ಕ ಆಗದು ಅಂದಳು ಅಂತ ರಾಜೇಶ ಹೇಳಿದ. ಎನಗ ಒಂದು ಮಾತು ಹೇಳಿ ಹೋಗಬಾರದಿತ್ತಾ?"

ಮೈಕು ಕಿರುಚಿ ನಿಂತಿತು, ಎಲ್ಲೋ ಚಪ್ಪಾಳೆ, ನನ್ನ ತಲೆಯೊಳಗೆ ಆ ವಾರದ ಎರಡು ಬದಿಯೂ ಒಟ್ಟಿಗೆ ಬಂದು ನಿಂತವು, ಇಲ್ಲಿ ಹೀಗೆ ಹೇಳಿದ್ದಾನೆ, ಅಲ್ಲಿ ಹಾಗೆ ಹೇಳಿದ್ದಾನೆ, ಒಬ್ಬನೇ, ಎರಡು ಮಾತು, ನಡುವೆ ಎರಡು ಹಟ್ಟಿಯ ಗಂಡಸರು ಕೂತು ಕಾಫಿ ಕುಡಿದು ಎದ್ದರು, ನಾವಿಬ್ಬರು ಹೆಂಗಸರು ಒಂದು ಸಲ ಎದುರು ಕೂತಿದ್ದರೆ ಅರ್ಧ ಗಂಟೆಯಲ್ಲಿ ಬಿಚ್ಚಿಕೊಳ್ಳುತ್ತಿತ್ತು. ನೀವು ಬೇಡ ಅಂದಿರಿ ಅಂತ ರಾಜೇಶ ಅವಳಿಗೆ ಹೇಳಿ ಕಳಿಸಿದ ಅಕ್ಕ, ಎಂದೆ, ಎಷ್ಟು ಮೆಲ್ಲಗೆ ಹೇಳಿದೆನೋ, ಅವಳಿಗೆ ಕೇಳಿಸಿತು, ಸವರುತ್ತಿದ್ದ ಕೈ ನಿಂತಿತು. ಆಮೇಲೆ, ನಾನಾ, ಎಂದಳು, ಅಡುಗೆ ಮನೆಯಲ್ಲಿ ಅವಳು ಸಿಳ್ಳೆ ಹಾಕುತ್ತಿದ್ದಳು, ಹೆಣ್ಣು ಸಿಳ್ಳೆ ಹಾಕಬಾರದು ಅಂತ ಬೈಯುತ್ತಿದ್ದೆ, ಅದಕ್ಕೇ ಹೋದಳೇನೋ ಅಂತ ನಾನು ಇಷ್ಟು ದಿನ ಕೊರಗಿದೆ, ನಿಮ್ಮ ಹಟ್ಟಿಗೆ ಬರಬೇಕು ಅಂತ ಎರಡು ಸಲ ಬಸ್ಸು ಹತ್ತಿ ಇಳಿದೆ. ಇವಳೇ, ಇವಳೇ ಇಲ್ಲಿ ಕೂತಿದ್ದಾಳೆ ಎಂದು ನಾಲಿಗೆಯ ತುದಿಗೆ ಬಂತು, ಸೀಳುನಾಯಿಯ ಮುಖ ನೋಡಿದೆ, ಜಾಲರಿಯ ಹಿಂದೆ ಏನೂ ಕಾಣುವುದಿಲ್ಲ, ತಲೆ ಮಾತ್ರ ನಿಧಾನಕ್ಕೆ ಆ ಕಡೆ ಈ ಕಡೆ ಆಡಿತು, ಬೇಡ, ನಾನು ಬಾಯಿ ಮುಚ್ಚಿದೆ. ಭುವನಾ ಮಗುವನ್ನು ಕೆಳಗಿಳಿಸಿದಳು, ಎದ್ದಳು, ಎರಡೂ ತೋಳು ಚಾಚಿ ಪಾಪಾತಿಯನ್ನು ಅಪ್ಪಿಕೊಂಡಳು, ಮಕ್ಕಳು ಕೇಕೆ ಹಾಕಿದವು, ಪಾಪಾತಿ ಬೆಚ್ಚಿ, ಆಮೇಲೆ ನಕ್ಕು, ಒಲೆ ಇದ್ದ ಹಾಗೆ ಇದೆ ಈ ನಾಯಿ, ಎಂದು ಅದರ ಬೆನ್ನು ತಟ್ಟಿದಳು, ಪಾಪ ಯಾರ ಮಗನೋ, ಬೆವರಿ ಸಾಯುತ್ತಾನೆ, ಒಳಗೆ ಕರೆದುಕೊಂಡು ಹೋಗು ಕಮಲ, ಎಂದಳು, ಕಣ್ಣು ಒರೆಸಿಕೊಂಡಳು. ಅಪ್ಪಿಕೊಂಡದ್ದು ಬಿಡಿಸಲು ನಾನೇ ತೋಳು ಹಿಡಿದು ಎಳೆಯಬೇಕಾಯಿತು.

ಕ್ಲಾಸ್‌ರೂಮಿನ ಬಾಗಿಲು ಹಾಕಿ ತಲೆ ತೆಗೆದೆ, ಎರಡು ಕೈಯಲ್ಲಿ, ಕೂದಲು ಹಣೆಗೆ ಅಂಟಿತ್ತು, ತುಟಿ ಬಿಳಿಚಿತ್ತು, ನೀರು ಕೊಟ್ಟೆ, ಕುಡಿಯಲಿಲ್ಲ, ಗೋಡೆಯ ಮೇಲಿನ ಅಕ್ಷರಮಾಲೆಯನ್ನು ನೋಡುತ್ತಾ ನಿಂತಳು. ಅವರು ನನ್ನನ್ನು ಕಳಿಸಲಿಲ್ಲ, ಎಂದಳು, ನನಗಲ್ಲ, ತನಗೆ. ರಾಜೇಶನನ್ನು ಬೈಯೋಣ ಎಂದು ನಾನು ಬಾಯಿ ತೆರೆದೆ, ಅವಳು ಅವನ ಹೆಸರೇ ಎತ್ತಲಿಲ್ಲ, ಅವನಿಗೆ ಈ ಕೋಣೆಯಲ್ಲಿ ಜಾಗವೇ ಇರಲಿಲ್ಲ.

"ನಾಳೆ ಕ್ವಾರ್ಟರ್ಸಿಗೆ ಹೋಪೊ, ಅವ್ವೆ. ಇದ ಹಾಕದೆ. ನನ್ನ ಮುಖದಲ್ಲೇ."

ಹೋಗೋಣ, ಎಂದೆ, ಹಗಲು ಹೊತ್ತಿನಲ್ಲೇ ಹೋಗೋಣ, ನಲ್ಲಿಯ ಮುಂದಿನ ದಾರಿಯಲ್ಲೇ ನಡೆದು ಬಸ್ಸು ಹತ್ತೋಣ. ಅವಳು ಪಂಜ ಬಿಚ್ಚದೆ ಕಿಟಕಿಗೆ ಹೋಗಿ ನಿಂತಳು, ನಾನೂ ನಿಂತೆ, ಕ್ವಾರ್ಟರ್ಸಿನ ಏರಿನಲ್ಲಿ ಪಾಪಾತಿ ಮಗುವಿನ ಕೈ ಹಿಡಿದು ಹತ್ತುತ್ತಿದ್ದಾಳೆ, ಮಂಜು ಅವಳ ಕಾಲನ್ನು ಆಗಲೇ ತಿಂದಿದೆ, ಬಿಳಿ ಬಟ್ಟೆಯ ಹೆಗಲ ಮೇಲೆ ಏನೋ ಕೆಂಪು, ಗಾಯದ ಹಾಗೆ, ಅಲ್ಲ, ರೋಮ, ಅಪ್ಪಿಕೊಂಡಾಗ ಅಂಟಿದ ಒಂದು ಕುಚ್ಚು ಕೆಂಪು ರೋಮ, ಅವಳಿಗೆ ಗೊತ್ತಿಲ್ಲ, ಝಾಡಿಸುವುದಿಲ್ಲ, ಮಗು ಏನೋ ಹೇಳಿತು, ಅವಳು ಬಗ್ಗಿದಳು, ಬಿದ್ದುಹೋಯಿತೇನೋ, ಇಲ್ಲ, ಇದೆ, ಎದ್ದು ನಿಂತಳು, ಇದೆ, ತಿರುವಿನಲ್ಲಿ ಬಿಳಿ ಬಟ್ಟೆಯೂ ಬಿಳಿ ಮಂಜೂ ಒಂದಾದ ಮೇಲೂ ಆ ಹೆಗಲಿದ್ದ ಕಡೆ, ಆ ಕೆಂಪು, ಅಷ್ಟು ಮಾತ್ರ