ರೊಜಾಲಿಯಾಳ ಕ್ಯಾಸೆಟ್

ಎಂಬತ್ತರ ದಶಕದಲ್ಲಿ ಬುಡಾಪೆಸ್ಟಿನ ಟೀವಿಯಲ್ಲಿ ಮಂಗಳವಾರ ಸಂಜೆ ಎಮೋಕೆ ಬಂದಳೆಂದರೆ ಅಡುಗೆಮನೆಯ ಹೆಂಗಸರೂ ಕೈ ಒರೆಸಿಕೊಂಡು ಬಂದು ಕೂರುತ್ತಿದ್ದರು. ಮನೆಯ ಕಂಪ್ಯೂಟರನ್ನು ಅವಳಷ್ಟು ಸಲೀಸಾಗಿ ತಿಳಿಸಿ ಹೇಳುವವರು ಬೇರೆ ಯಾರೂ ಇರಲಿಲ್ಲ. ಕಾರ್ಯಕ್ರಮದ ಕೊನೆಗೆ ಟೀವಿಯಿಂದ ಕೀರಲು ಸದ್ದೊಂದು ಹೊರಡುತ್ತಿತ್ತು. ಆ ಸದ್ದೇ ಪ್ರೋಗ್ರಾಂ. ಕ್ಯಾಸೆಟ್ಟಿನಲ್ಲಿ ಹಿಡಿದು ಕಂಪ್ಯೂಟರಿಗೆ ಕೇಳಿಸಿದರೆ ಪರದೆಯ ಮೇಲೆ ಆಟವೋ ಕ್ಯಾಲೆಂಡರೋ ಮೂಡುತ್ತಿತ್ತು.

"ಹೊಸ ಕ್ಯಾಸೆಟ್ಟೇ ಬೇಕು ಅಂತಿಲ್ಲ, ಮನೇಲಿ ಬಿದ್ದಿರೋ ಹಳೇದು ಸಾಕು. ಯಾವುದಕ್ಕೂ ಒಂದರ ಹಿಂದೊಂದು ಮೂರು ಸಲ ತುಂಬಿಸಿಟ್ಕೊಳ್ಳಿ, ಒಂದು ಕೆಟ್ರೂ ಇನ್ನೊಂದಿರುತ್ತೆ," ಎನ್ನುತ್ತಿದ್ದಳು.

ಒಂದು ಬೆಳಿಗ್ಗೆ ಮಾಕೋ ಊರಿನಿಂದ ಗಾಷ್ಪಾರ್ ಎಂಬ ಮುದುಕ ರೈಲು ಹತ್ತಿ ಸ್ಟುಡಿಯೋಗೆ ಬಂದ. ಎಮೋಕೆಗೆಂದು ಒಂದು ಚೀಲ ಈರುಳ್ಳಿ ತಂದಿದ್ದ. ಕೋಟಿನ ಒಳಜೇಬಿನಿಂದ ಕ್ಯಾಸೆಟ್ ತೆಗೆದ.

"ಇದ್ರಲ್ಲಿ ನನ್ನ ಹೆಂಡ್ತಿ ರೊಜಾಲಿಯಾ ಹಾಡಿದ್ಳು ಮಗಳೇ. ಹಿಟ್ಟು ನಾದ್ತಾ ಹತ್ತು ನಿಮಿಷ. ಅವಳು ಹೋಗಿ ಎರಡು ವರ್ಷ ಆಯ್ತು. ಅಳಿಯನ ಡ್ಯಾನ್ಸ್ ಕ್ಯಾಸೆಟ್ಟೂ ಇದೂ ಒಂದೇ ಥರ ಇದ್ವು. ಕಣ್ಣು ಸರಿಯಾಗಿ ಕಾಣಲ್ಲ ನೋಡು. ನಿನ್ನ ಕ್ಯಾಲೆಂಡರನ್ನ ಅದರ ಬದಲು ಇದರ ಮೇಲೇ ತುಂಬಿಸ್ಬಿಟ್ಟೆ."

"ಒಂದೇ ಸಲ ತಾನೇ?" ಎಂದಳು ಎಮೋಕೆ. ಒಂದು ಸಲವೆಂದರೆ ನಾಲ್ಕು ನಿಮಿಷ. ಉಳಿದ ಹಾಡಾದರೂ ಇರುತ್ತದೆ.

"ನೀನು ಹೇಳಿದ್ದೆಯಲ್ಲ, ಮೂರು ಸಲ."

ಎಮೋಕೆ ಕ್ಯಾಸೆಟ್ಟನ್ನು ಕೈಗೆ ತೆಗೆದುಕೊಂಡಳು.

"ಕಂಪ್ಯೂಟರು ಎಲ್ಲಾ ನೆನಪಿಟ್ಕೊಳ್ಳುತ್ತೆ ಅಂತ ನೀನೇ ಅಂದಿದ್ದೆ. ಅಡೀಲಿ ಎಲ್ಲೋ ಇರ್ತಾಳೆ ಅಲ್ವಾ? ಸ್ವಲ್ಪ ಹುಡುಕಿಕೊಡು."

ಧ್ವನಿ ವಿಭಾಗದ ಲೊರಿಂಟ್ಸ್ ಕಿವಿಗೆ ಹೆಡ್‌ಫೋನ್ ಏರಿಸಿಕೊಂಡು ಎರಡೂ ಬದಿ ಪೂರ್ತಿ ಕೇಳಿದ. ಮೊದಲ ಬದಿಯಲ್ಲಿ ಹನ್ನೆರಡು ನಿಮಿಷ ಬರೀ ಕೀರಲು, ಆಮೇಲೆ ಖಾಲಿ. ಇನ್ನೊಂದು ಬದಿಯಲ್ಲಿ ಏನೂ ಇರಲಿಲ್ಲ. ಅವನು ಎಮೋಕೆಯ ಮುಖ ನೋಡದೆ ತಲೆಯಲ್ಲಾಡಿಸಿದ.

ಟೀವಿಯಲ್ಲಿ ನೂಡಲ್ಸು, ಜರಡಿ, ಹೊಲಿಗೆಪೆಟ್ಟಿಗೆ ತೋರಿಸಿ ಎಂಥವರಿಗೂ ಕಂಪ್ಯೂಟರನ್ನು ತಿಳಿಸಿದವಳಿಗೆ ಈಗ ಒಂದು ಹೋಲಿಕೆಯೂ ಹೊಳೆಯಲಿಲ್ಲ.

"ಇಲ್ಲ ತಾತ. ಅಳಿಸಿಹೋಗಿದೆ," ಎಂದಷ್ಟೇ ಹೇಳಿದಳು. "ನನ್ನ ತಪ್ಪು."

"ನೀನ್ಯಾಕೆ ಅಳ್ತೀಯಾ? ಕ್ಯಾಲೆಂಡರ್ ಚೆನ್ನಾಗೇ ಬರುತ್ತೆ," ಎಂದು ಮುದುಕ ಅವಳ ಭುಜ ತಟ್ಟಿದ. ಹೊರಡುವಾಗ ಕ್ಯಾಸೆಟ್ಟನ್ನು ಮತ್ತೆ ಅದೇ ಜೇಬಿಗೆ ಇಟ್ಟುಕೊಂಡ.

ಮುಂದಿನ ಮಂಗಳವಾರದ ನೇರಪ್ರಸಾರದಲ್ಲಿ ಎಮೋಕೆ ತನಗೆ ಬರೆದುಕೊಟ್ಟಿದ್ದ ಮಾತನ್ನು ಬದಿಗಿಟ್ಟಳು. "ತುಂಬಿಸೋ ಮುಂಚೆ ಕ್ಯಾಸೆಟ್ಟನ್ನ ಕೊನೇತನಕ ಕೇಳಿ. ಯಾರ ದನಿ ಇದೆಯೋ ನೋಡ್ಕೊಳ್ಳಿ. ಇದನ್ನ ನಾನು ಮೊದಲೇ ಹೇಳ್ಬೇಕಿತ್ತು," ಎನ್ನುತ್ತಾ ಕಣ್ಣೊರೆಸಿಕೊಂಡಳು. ನಿರ್ದೇಶಕ ಗಡಿಬಿಡಿಯಿಂದ ಕ್ಯಾಮೆರಾ ಬೇರೆಡೆ ತಿರುಗಿಸಿದ.

ಮರುದಿನ ಗಾಷ್ಪಾರ್ ಫೋನ್ ಮಾಡಿದ.

"ನೋಡ್ದೆ ಮಗಳೇ, ಚೆನ್ನಾಗಿ ಹೇಳ್ದೆ. ಒಂದು ಕೇಳ್ಲಾ? ಆ ಹಾಡಿನ ಎರಡನೇ ಸಾಲು ನಂಗೆ ಮರೆತೇ ಹೋಗಿದೆ. ಕ್ಯಾಸೆಟ್ ಇದೆಯಲ್ಲ ಅಂತ ನಾನು ಕಲಿತೇ ಇರ್ಲಿಲ್ಲ. ನಿಂಗೇನಾದ್ರೂ ಗೊತ್ತಾ?"

ಆಮೇಲೆ ಮೊದಲ ಸಾಲನ್ನು ನಡುಗುವ ದನಿಯಲ್ಲಿ ಹಾಡಿದ.

ಎಮೋಕೆ ಅದನ್ನು ಬರೆದುಕೊಂಡು ಸ್ಟುಡಿಯೋದ ವಾದ್ಯದವರನ್ನೆಲ್ಲ ಕೇಳಿದಳು, ಮಾಕೋಗೇ ಹೋಗಿ ಅವನ ಬೀದಿಯ ಮುದುಕಿಯರನ್ನೂ ಕೇಳಿದಳು. ಯಾರಿಗೂ ಗೊತ್ತಿರಲಿಲ್ಲ. ಅದು ರೊಜಾಲಿಯಾ ತಾನೇ ಕಟ್ಟಿಕೊಂಡಿದ್ದ ಹಾಡು.