ಪಟ್ಟಿಗೆ ಬಾರದ ಓಣಿ

ತಪ್ಪು ನನ್ನದೇ. ಅದನ್ನು ಮೊದಲೇ ಹೇಳಿಬಿಟ್ಟರೆ ಮುಂದಿನದನ್ನು ಹೇಳುವುದು ಹಗುರ.

ಯುದ್ಧ ಮುಗಿದು ಐದಾರು ವರ್ಷವಾಗಿತ್ತು, ಸಕ್ಕರೆ ಇನ್ನೂ ಪಡಿತರದಲ್ಲೇ ಸಿಗುತ್ತಿತ್ತು. ಪ್ರತಿ ಊರೂ ತನ್ನ ಕಾಲುದಾರಿಗಳ ಪಟ್ಟಿ ಮಾಡಿ ಜಿಲ್ಲಾ ಕಚೇರಿಗೆ ಕೊಡಬೇಕೆಂದು ಸರ್ಕಾರ ಕಾನೂನು ತಂದಿತು. ಪಟ್ಟಿಗೆ ಬಂದ ದಾರಿಯಲ್ಲಿ ಎಂದೆಂದಿಗೂ ಎಲ್ಲರೂ ನಡೆಯಬಹುದು. ಬಾರದ ದಾರಿಯನ್ನು ಹೊಲದವನು ಮುಚ್ಚಿದರೆ ಕೇಳುವವರಿಲ್ಲ. ಡಾರ್ಸೆಟ್ ಸೀಮೆಯ ಪಶ್ಚಿಮಕ್ಕಿರುವ ನಮ್ಮ ನೆದರ್‌ಕೂಮ್ ಊರಿನ ಪಂಚಾಯಿತಿಗೆ ಆಗ ನಾನು, ತಿರ್ಜಾ ಲೆಗ್, ಗುಮಾಸ್ತೆ. ಜನರು ಹೇಳಿದ್ದನ್ನು ಕೇಳಿಸಿಕೊಂಡು ಬರೆಯುವುದಷ್ಟೇ ನನ್ನ ಕೆಲಸ. ಅದು ನನ್ನ ಸ್ವಭಾವಕ್ಕೂ ಒಪ್ಪಿತ್ತು. ಅಮ್ಮ ಹಿಟ್ಟು ನಾದುತ್ತಾ ಬೈಬಲಿನ ಕೀರ್ತನೆಗಳನ್ನು ಬಾಯಿಪಾಠವಾಗಿ ಹೇಳುತ್ತಿದ್ದಳು, ನಾನು ಒಲೆಯ ಹತ್ತಿರ ಕೂತು ಕೇಳುತ್ತಿದ್ದೆ. ಬೆಳೆದದ್ದೇ ಹಾಗೆ.

ಜನವರಿಯ ಒಂದು ಮಧ್ಯಾಹ್ನ ಶಾಲೆಯ ಕೋಣೆಯಲ್ಲಿ ಊರವರು ಸೇರಿದರು. ಕಚೇರಿಯವರು ಕಳಿಸಿದ ಹಾಳೆಯಲ್ಲಿ ಕಾಲಮುಗಳಿದ್ದವು: ದಾರಿ ಎಲ್ಲಿಂದ, ಎಲ್ಲಿಗೆ, ಬೇಲಿ ಹತ್ತಿ ದಾಟುವ ತಡಮೆ ಎಷ್ಟು, ಗೇಟು ಎಷ್ಟು. ತಡಮೆಗಳ ವಿಚಾರದಲ್ಲೇ ಒಂದು ಗಂಟೆ ಕಳೆಯಿತು. ಉದ್ದಗದ್ದೆಯ ತಡಮೆ ಮುರಿದಿದೆ ಎಂದು ಒಬ್ಬರು, ಮುರಿದದ್ದು ತಡಮೆಯಲ್ಲ, ಅದನ್ನು ಹತ್ತಲು ಹೋದ ಹೂಬರ್ಟ್ ಮೀಚ್‌ನ ಮರ್ಯಾದೆ ಎಂದು ಇನ್ನೊಬ್ಬರು. ಮೀಚ್ ನಮ್ಮೂರಿನ ಬೇಲಿ ಕಟ್ಟುವವನು. ಅವನೇ ಎಲ್ಲರಿಗಿಂತ ಜೋರಾಗಿ ನಕ್ಕ. ಹೀಗೆ ಇಪ್ಪತ್ತಮೂರು ದಾರಿಗಳನ್ನು ಬರೆದುಕೊಂಡೆ. ಪಾದ್ರಿಗಳು ಸಹಿ ಹಾಕಿದರು.

ಹಾಲ್ವೇ ಎಂದು ಯಾರೂ ಹೇಳಲಿಲ್ಲ. ನಾನೂ ಬರೆಯಲಿಲ್ಲ.

ಹಾಲ್ವೇ ಎಂದರೆ ಗುಡ್ಡದ ನೆತ್ತಿಯಿಂದ ಚರ್ಚಿನ ಹಿಂಬದಿಗೆ ಇಳಿಯುವ ಓಣಿ. ಎರಡು ಆಳೆತ್ತರ ತಗ್ಗು, ಎರಡೂ ಕಡೆ ಹಳದಿ ಮರಳುಗಲ್ಲಿನ ಗೋಡೆ, ಗೋಡೆಗೆ ಹಾವಿನಂತೆ ಅಂಟಿಕೊಂಡ ಬೇರು, ಮೇಲೆ ಹೇಜಲ್ ಕೊಂಬೆಗಳ ಚಪ್ಪರ. ಅದಕ್ಕೆ ತಡಮೆಯಿಲ್ಲ, ಗೇಟಿಲ್ಲ. ಹಾಳೆಯ ಕಾಲಮುಗಳು ಅದನ್ನು ನೆನಪಿಸಲಿಲ್ಲ. ನಮಗೆ ಕಾಲುದಾರಿ ಎಂದರೆ ಯಾರದೋ ಹುಲ್ಲುಗಾವಲನ್ನು ದಾಟಿ ಹೋಗುವಂಥದ್ದು, ಜಗಳಕ್ಕೆ ಬರುವಂಥದ್ದು. ಹಾಲ್ವೇ ಬಗ್ಗೆ ಯಾರೂ ಎಂದೂ ಜಗಳವಾಡಿದವರಲ್ಲ. ಉಸಿರಾಡುವುದನ್ನು ದಿನದ ಕೆಲಸಗಳ ಲೆಕ್ಕಕ್ಕೆ ಯಾರಾದರೂ ಸೇರಿಸುತ್ತಾರೆಯೇ?

ಮೇ ತಿಂಗಳಲ್ಲಿ ಕರಡು ನಕ್ಷೆ ಬಂತು. ಜೂನ್‌ನಲ್ಲಿ ಏಮೋಸ್ ಕ್ರ್ಯಾಬ್ ಓಣಿಯ ಮೇಲ್ತುದಿಗೆ ಎರಡು ಗಾಡಿ ಇಟ್ಟಿಗೆಚೂರು ತಂದು ಸುರಿದ.

ಕ್ರ್ಯಾಬ್ ಕೆಟ್ಟವನಲ್ಲ. ಎರಡು ವರ್ಷದ ಹಿಂದೆ ಸಾಮರ್‌ಸೆಟ್ ಕಡೆಯಿಂದ ಬಂದು ಓಣಿಯ ಎರಡೂ ಬದಿಯ ಹೊಲ ಕೊಂಡವನು. ಚಳಿಗಾಲದಲ್ಲಿ ಅವನ ಎರಡು ಕಡಸು ದಿಬ್ಬದ ಅಂಚಿನಿಂದ ಓಣಿಗೆ ಬಿದ್ದು ಕಾಲು ಮುರಿದುಕೊಂಡಿದ್ದವು. ಎರಡನ್ನೂ ಅವನೇ ಗುಂಡು ಹೊಡೆದು ಕೊಲ್ಲಬೇಕಾಯಿತು. ನಕ್ಷೆಯಲ್ಲಿ ದಾರಿ ಕಾಣಲಿಲ್ಲ. ಹೆಸರಿನ 'ಹಾಲ್' ಎಂದರೆ ಗುಂಡಿ ತಾನೇ, ಗುಂಡಿ ಇರುವುದು ತುಂಬಿಸುವುದಕ್ಕೆ ಎಂದ. ಅವನ ಮೇಲೆ ತಪ್ಪು ಹೊರಿಸಲು ನನಗೆ ಬಾಯಿ ಬರಲಿಲ್ಲ.

ಓಣಿಯ ಮೇಲ್ತುದಿಯಲ್ಲಿ ಇರುವುದು ಒಂದೇ ಮನೆ, ಕೆಜಾಯಾ ಸ್ಯಾಮ್ವೇಸ್ ಅಜ್ಜಿಯದು. ನಲವತ್ತು ವರ್ಷ ಊರಿನ ಸೂಲಗಿತ್ತಿಯಾಗಿದ್ದವರು. ಈಗ ಜೇನು ಸಾಕುತ್ತಿದ್ದರು, ಶನಿವಾರ ಚರ್ಚಿನ ಬಲಿಪೀಠದ ಬಟ್ಟೆಗಳನ್ನು ಒಗೆದು ಇಸ್ತ್ರಿ ಮಾಡಿ ತರುತ್ತಿದ್ದರು. ಓಣಿಯಲ್ಲಿ ಇಳಿದರೆ ಊರು ಕಾಲು ಗಂಟೆ. ಓಣಿ ಹೋದರೆ ಗುಡ್ಡ ಬಳಸಿ ಮೂರೂವರೆ ಮೈಲಿ. ಎಪ್ಪತ್ತಾರರ ಮೊಣಕಾಲಿಗೆ ಅದು ಆಗದ ಮಾತು. ಮನೆ ಬಿಡಬೇಕು.

ಹೇಳಲೆಂದು ನಾನು ಅವರಲ್ಲಿಗೆ ಹತ್ತಿ ಹೋದೆ, ಇಟ್ಟಿಗೆಚೂರಿನ ಮೇಲೆ ಕಾಲಿಟ್ಟು. ಅವರು ಜೇನುಪೆಟ್ಟಿಗೆಗಳ ಬಳಿ ಇದ್ದರು. ಪಟ್ಟಿ ಬರೆದವಳು ನಾನೇ, ಬಿಟ್ಟವಳೂ ನಾನೇ ಎಂದೆ. ಅವರು ಮುಖಪರದೆ ಎತ್ತಿ ನನ್ನನ್ನು ನೋಡಿದರು.

"ಕಾಗದದಲ್ಲಿ ಬರ್ದಿಲ್ಲ ಅಂತ ಓಣಿ ಎದ್ದು ಹೋಗತ್ತಾ, ಮಗಳೇ?"

"ಹೋಗತ್ತೆ, ಅಜ್ಜಿ. ಈಗ ಕಾನೂನು ಹಾಗಿದೆ."

"ಹಂಗಾದ್ರೆ ಯೋವಿಲ್‌ಗೆ, ತಂಗಿ ಮಗಳ ಮನೆಗೆ ಹೋಗ್ಬೇಕು. ಒಳ್ಳೆ ಹುಡುಗೀನೇ. ಆದ್ರೆ ಅಲ್ಲಿ ಕಿಟಕಿ ತೆಗೆದ್ರೆ ಕೈಗವಸಿನ ಕಾರ್ಖಾನೆ. ಜೇನು ಏನ್ ತಿನ್ಬೇಕು, ಕೈಗವಸಾ?" ಪೆಟ್ಟಿಗೆಯೊಂದರ ಮುಚ್ಚಳ ಹಾಕಿ ಮತ್ತೆ ಹೇಳಿದರು: "ನೀನು ಅಳ್ಬೇಡ. ನಾನೂ ಆ ಸಭೇಲಿ ಕೂತಿದ್ದೆ. ನನಗೂ ಹೊಳೀಲಿಲ್ಲ."

ಬೈದಿದ್ದರೆ ತಡೆದುಕೊಳ್ಳಬಹುದಿತ್ತು. ಆ ದಿನ ಅವರು ನನ್ನ ತಪ್ಪಿನಲ್ಲಿ ಅರ್ಧ ಪಾಲು ತಾವೇ ತೆಗೆದುಕೊಂಡರು. ಅದಕ್ಕಾಗಿ ಇವತ್ತಿಗೂ ಪ್ರಾರ್ಥನೆಯಲ್ಲಿ ಅವರ ಹೆಸರು ಹೇಳುತ್ತೇನೆ.

ಆಕ್ಷೇಪಣೆ ಬರೆದು ಕಳಿಸಿದೆ. ಸೆಪ್ಟೆಂಬರಿನಲ್ಲಿ ಕಚೇರಿಯಿಂದ ಒಬ್ಬ ಅಧಿಕಾರಿ ಬಂದು ವಿಚಾರಣೆ ನಡೆಸುತ್ತಾರೆ, ಅಲ್ಲಿಯವರೆಗೆ ಇನ್ನು ಸುರಿಯಬಾರದು ಎಂದು ಉತ್ತರ ಬಂತು. ಕ್ರ್ಯಾಬ್ ಆ ಮಾತಿನಂತೆ ನಡೆದುಕೊಂಡ.

ನಡುವೆ ನಾನು ನಿವೃತ್ತ ಮೇಷ್ಟ್ರು ಲಯನೆಲ್ ಡ್ಯಾಂಪಿಯರ್ ಅವರ ಹತ್ತಿರ ಹೋದೆ. ಹಳೆಯ ದಸ್ತಾವೇಜು ಓದುವುದೇ ಅವರ ಹುಚ್ಚು. ಹಾಲ್ವೇ ಎಂದರೆ ಪವಿತ್ರ ದಾರಿ, ಚರ್ಚಿಗೆ ಇಳಿಯುವುದರಿಂದ ಆ ಹೆಸರು ಎಂದು ಪಾದ್ರಿಗಳು ಹೇಳುತ್ತಿದ್ದರು. ನನಗೂ ಆ ಅರ್ಥವೇ ಪ್ರಿಯ. ವಿಚಾರಣೆಯಲ್ಲಿ ಅದನ್ನೇ ಹೇಳಬಹುದೇ ಎಂದು ಕೇಳಿದೆ.

ಮೇಷ್ಟ್ರು ಕನ್ನಡಕ ತೆಗೆದು ಒರೆಸಿದರು. ಪಾದ್ರಿಗಳದು ಒಳ್ಳೆಯ ಮನಸ್ಸು, ಆದರೆ ಅರ್ಥ ಅದಲ್ಲ ಎಂದರು. ಕ್ರ್ಯಾಬ್ ಹೇಳುವುದೂ ಪೂರ್ತಿ ಸರಿಯಲ್ಲ. ಅದು ನಮ್ಮ ನುಡಿಯ ತೀರಾ ಹಳೆಯ ಮಾತು, ಎರಡು ಪದ ಸೇರಿದ್ದು. ಒಂದಕ್ಕೆ ಪೊಳ್ಳಾದದ್ದು, ತಗ್ಗಿದ್ದು ಎಂದರ್ಥ, ಇನ್ನೊಂದಕ್ಕೆ ದಾರಿ. ಸಾವಿರ ವರ್ಷದ ಹಿಂದೆ ರಾಜರು ಭೂಮಿ ಕೊಡುವಾಗ ಎಲ್ಲೆ ಬರೆಸುತ್ತಿದ್ದರು. ಇಂಥ ಮರ, ಇಂಥ ತೊರೆ, ಇಂಥ ತಗ್ಗುದಾರಿ ಎಂದು. ಅಂಥ ಬರಹಗಳಲ್ಲಿ ಈ ಮಾತು ಸಿಗುತ್ತದೆ.

"ಯಾರು ತೋಡಿದ್ದು ಅಂತ ಕೇಳು, ತಿರ್ಜಾ."

"ಯಾರು, ಸಾರ್?"

"ಯಾರೂ ತೋಡ್ಲಿಲ್ಲ. ನಡೆದ್ರು ಅಷ್ಟೆ. ಕಾಲು, ಗೊರಸು, ಗಾಡಿ ಚಕ್ರ. ಸವೆದ ಪುಡೀನ ಮಳೆ ಹೊತ್ಕೊಂಡು ಹೋಯ್ತು. ನೂರು ವರ್ಷಕ್ಕೆ ಒಂದು ಗೇಣೋ ಏನೋ. ನಡೆಯೋರು ಇಲ್ದೆ ಈ ಹೆಸರು ಹುಟ್ಟೋದೇ ಇಲ್ಲ."

ಪವಿತ್ರ ಎಂಬ ಅರ್ಥ ಹೋಯಿತಲ್ಲ ಎಂದು ಮೊದಲು ಮನಸ್ಸು ಸಣ್ಣಗಾಯಿತು. ಮನೆಗೆ ಹಿಂದಿರುಗುವ ಮೊದಲು ಓಣಿಗೆ ಹೋದೆ. ಗೋಡೆಗೆ ಕೈಯಿಟ್ಟೆ. ಸೊಂಟದ ಎತ್ತರದಲ್ಲಿ ಗಾಡಿಯ ಅಚ್ಚು ಉಜ್ಜಿ ಕಲ್ಲು ನುಣುಪಾಗಿತ್ತು. ಅದರ ಮೇಲೆ ಇನ್ನೊಂದು ನುಣುಪು, ಇನ್ನೂ ಮೇಲೆ ಮತ್ತೊಂದು. ಮೇಲಿನ ಗೆರೆ ಹಾಕಿದ ಗಾಡಿ ಹಿಂದೊಮ್ಮೆ ನನ್ನ ತಲೆಯ ಎತ್ತರಕ್ಕಿದ್ದ ನೆಲದಲ್ಲಿ ಹೋದದ್ದು. ಹೆಸರು ಗೊತ್ತಿಲ್ಲದ ಎಷ್ಟೋ ಮಂದಿ ನಡೆದು ನಡೆದು ನನಗಾಗಿ ಇಳಿಸಿಟ್ಟ ನೆಲದ ಮೇಲೆ ನಿಂತಿದ್ದೆ. ಅವರಿಗೆ ವಂದನೆ ಹೇಳಲು ಕೀರ್ತನೆಯೊಂದರ ಸಾಲು ತಾನಾಗಿ ಬಾಯಿಗೆ ಬಂತು. ಆ ಸಾಲಿನ ಹಿಂದೆಯೇ ಅಪ್ಪನ ದನಿಯೂ ಬಂತು.

ಅಪ್ಪ, ಹೊಸೇಯಾ ಲೆಗ್, ಊರಿನ ಎಲ್ಲೆ ಹೇಳುವವನಾಗಿದ್ದ. ಈಸ್ಟರ್ ಕಳೆದ ಐದನೆಯ ವಾರ, ಸೋಮವಾರದ ದಿನ, ಪಾದ್ರಿಗಳ ಹಿಂದೆ ಊರೆಲ್ಲ ಎಲ್ಲೆಯುದ್ದಕ್ಕೂ ನಡೆದು ಬೆಳೆಗೆ ಆಶೀರ್ವಾದ ಬೇಡುವ ಪದ್ಧತಿಯಿತ್ತು. ಒಂದೊಂದು ಗುರುತು ಬಂದಾಗಲೂ ಅಪ್ಪ ಟೋಪಿ ತೆಗೆದು ಒಂದು ಸಾಲು ಹೇಳುತ್ತಿದ್ದ, ಉಳಿದವರು ಸಲಿಕೆಯ ಹಿಡಿಯಿಂದ ನೆಲ ಕುಟ್ಟುತ್ತಿದ್ದರು. ಆ ಪಾಠ ಅವನಿಗೆ ಅವನಪ್ಪನಿಂದ ಬಂದದ್ದು. ಬರೆದಿಡು ಎಂದು ಮೇಷ್ಟ್ರು ಎಷ್ಟು ಹೇಳಿದರೂ ಅಪ್ಪ ಒಪ್ಪಲಿಲ್ಲ. ಬರೆದಿಟ್ಟರೆ ಜನ ನಡೆಯುವುದನ್ನು ಬಿಡುತ್ತಾರೆ ಎನ್ನುತ್ತಿದ್ದ. ಯುದ್ಧ ಬಂದ ವರ್ಷ ನಡಿಗೆ ನಿಂತಿತು. ಮರುವರ್ಷ ಅಪ್ಪ ತೀರಿಕೊಂಡ. ಹೆಂಗಸರು ಎಲ್ಲೆ ಹೇಳುವ ರೂಢಿ ಇರಲಿಲ್ಲ, ಯಾರೂ ನನ್ನನ್ನು ಕೇಳಲೂ ಇಲ್ಲ. ಆದರೆ ವರ್ಷ ವರ್ಷ ಅವನ ಹಿಂದೆಯೇ ನಡೆದವಳು ನಾನು. ಕೇಳಿದ್ದು ನನ್ನಲ್ಲಿ ಉಳಿಯುತ್ತದೆ.

ವಿಚಾರಣೆ ಅದೇ ಶಾಲೆಯ ಕೋಣೆಯಲ್ಲಿ. ಅಧಿಕಾರಿ ಸಣ್ಣ ಪ್ರಾಯದವರು, ನೆಗಡಿಯಾಗಿತ್ತು. ಕ್ರ್ಯಾಬ್ ತನ್ನ ಕಡಸುಗಳ ಕಥೆ ಹೇಳಿದ. ನಕ್ಷೆ ತೋರಿಸಿದ. ಆಮೇಲೆ ಅಧಿಕಾರಿ, ಈ ಓಣಿ ಎಲ್ಲರ ದಾರಿ ಎಂದು ಹೇಳುವವರು ಯಾರಿದ್ದೀರಿ ಎಂದು ಕೇಳಿದರು.

ಯಾರೂ ಎದ್ದೇಳಲಿಲ್ಲ. ನಮ್ಮೂರಿನ ಗುಣವೇ ಅದು. ಎಲ್ಲರಿಗೂ ಗೊತ್ತಿರುವುದನ್ನು ಬಾಯಿಬಿಟ್ಟು ಹೇಳಲು ನಾಚಿಕೆ. ಮೀಚ್ ತನ್ನ ಟೋಪಿಯೊಳಗೆ ನೋಡುತ್ತಿದ್ದ. ಅಜ್ಜಿ ಹಿಂದಿನ ಬೆಂಚಿನಲ್ಲಿ, ಇಸ್ತ್ರಿ ಮಾಡಿದ ಬಟ್ಟೆಯ ಬುಟ್ಟಿಯನ್ನು ತೊಡೆಯ ಮೇಲಿಟ್ಟುಕೊಂಡು ಕೂತಿದ್ದರು. ನಾನು ಅದುವರೆಗಿನ ಮಾತನ್ನೆಲ್ಲ ಬರೆದುಕೊಂಡಿದ್ದೆ. ಈಗ ಬರೆಯಲು ಏನೂ ಇರಲಿಲ್ಲ.

ಪೆನ್ನು ಕೆಳಗಿಟ್ಟು ಎದ್ದೆ. ಏನನ್ನೂ ವಿವರಿಸಲಿಲ್ಲ, ಅಪ್ಪ ಹೇಳುತ್ತಿದ್ದಂತೆಯೇ ಹೇಳತೊಡಗಿದೆ.

"ಕೆಂಪು ಒರತೆಯಿಂದ ಕಾಗೆಯ ಕಲ್ಲಿಗೆ,
ಕಾಗೆಯ ಕಲ್ಲಿಂದ ಮುಳ್ಳಿನ ಮೆಳೆಗೆ,
ಮೆಳೆಯಿಂದ ಇಳಿದು ಹೋಲಾವೆಯ್ ಹಿಡಿದು,
ಹೋಲಾವೆಯ್ ಮುಗಿದು ನೀರು ಕಂಡಲ್ಲಿಗೆ..."

ನಾಲ್ಕನೆಯ ಸಾಲಿಗೆ ಹಿಂದೆ ಯಾರೋ ಕೋಲಿನಿಂದ ನೆಲ ಕುಟ್ಟಿದರು. ಐದನೆಯದಕ್ಕೆ ಇನ್ನೊಬ್ಬರು. ಹದಿನಾರನೆಯ ಸಾಲು ಮುಗಿದು ಮತ್ತೆ ಕೆಂಪು ಒರತೆಗೆ ಬಂದು ನಿಂತಾಗ ಶಾಲೆಯ ಹಲಗೆನೆಲ ಗುಡುಗುತ್ತಿತ್ತು.

ಮೇಷ್ಟ್ರು ಎದ್ದರು. ಈ ಹುಡುಗಿ ಹಾಲ್ವೇಯನ್ನು ಹೋಲಾವೆಯ್ ಎಂದಳಲ್ಲ, ಆ ಹೆಸರು ಈಗಿನದಲ್ಲ, ಸಾವಿರ ವರ್ಷದ ಹಿಂದೆ ಬರೆಯುತ್ತಿದ್ದ ರೂಪಕ್ಕೇ ಹತ್ತಿರದ್ದು, ಈಕೆಯಪ್ಪನಿಗೆ ಅದನ್ನು ಓದಿ ಕಲಿಸಿದವರು ಯಾರೂ ಇಲ್ಲ ಎಂದರು. ಅವರ ಕಣ್ಣು ಒದ್ದೆಯಾಗಿತ್ತು. ನನಗೆ ಮೂವತ್ತೊಂಬತ್ತು, ಅವರಿಗೆ ನಾನಿನ್ನೂ ಹುಡುಗಿಯೇ.

ಅಧಿಕಾರಿ ಬರೆದುಕೊಂಡರು. ಮೂಗು ಒರೆಸಿಕೊಂಡರು. ಹಿಂದೆ ದಾರಿ ಇತ್ತು ಎಂಬುದನ್ನು ಒಪ್ಪುತ್ತೇನೆ, ಆದರೆ ಈಗಿನ ಜನ ನಡೆಯುತ್ತಾರೆಯೇ ಎಂಬುದು ನನಗೆ ಬೇಕು ಎಂದರು.

ಆಗ ಮೀಚ್ ಎದ್ದ. "ಸಾರ್, ನಾನು ಹುಟ್ಟೋ ದಿನ ಹಿಮ ಬಿದ್ದಿತ್ತಂತೆ. ಈ ಅಜ್ಜಿ ಆ ಓಣೀಲಿ ಕುಂಡೆ ಮೇಲೆ ಜಾರ್ಕೊಂಡು ಬಂದ್ರಂತೆ. ಬಂದೋರು ನನ್ನ ಮುಖ ನೋಡಿ, ಇದಕ್ಕಾ ನಾನು ಇಷ್ಟು ಜಾರಿದ್ದು ಅಂದ್ರಂತೆ."

ಕೋಣೆ ನಕ್ಕಿತು. ನಕ್ಕ ಮೇಲೆ ಬಾಯಿಗಳು ತೆರೆದವು. ಅಂಚೆಯ ಮಿಸೆಸ್ ಗಾಲಪ್ ತನ್ನ ಮೂರು ಹೆರಿಗೆಗಳ ಮಾತು ಹೇಳಿದಳು, ಮೂರಕ್ಕೂ ಅಜ್ಜಿ ಬಂದದ್ದು ಹಾಲ್ವೇಯಲ್ಲೇ. ಒಬ್ಬರು ತಾಯಿಯ ಶವಪೆಟ್ಟಿಗೆ ಇಳಿಸಿದ್ದನ್ನು ಹೇಳಿದರು, ಇನ್ನೊಬ್ಬರು ಸೇಬಿನ ಹೆಂಡದ ಪೀಪಾಯಿ ಕೈತಪ್ಪಿ ಚರ್ಚಿನ ಬಾಗಿಲವರೆಗೆ ಉರುಳಿದ್ದನ್ನು. ಅಷ್ಟೂ ಜನ ಯಾರನ್ನೂ ಅಪ್ಪಣೆ ಕೇಳದೆ ನಡೆದವರು. ನಾನು ಮತ್ತೆ ಪೆನ್ನು ಹಿಡಿದು ಬರೆದೆ, ಒಂದನ್ನೂ ಬಿಡದೆ.

ಕೊನೆಗೆ ಕ್ರ್ಯಾಬ್ ಎದ್ದ. ಮುಖ ಕೆಂಪಾಗಿತ್ತು.

"ಎರಡು ವರ್ಷದಿಂದ ನಿಮ್ ಜೊತೇಲೇ ಇದ್ದೀನಿ. ಒಬ್ರಾದ್ರೂ ಇದನ್ನ ನನಗೆ ಹೇಳಿದ್ರಾ?"

ಅವನು ಹೇಳಿದ್ದು ಸರಿಯಾಗಿತ್ತು. ಹಿಂದಿನಿಂದ ಅಜ್ಜಿ ಮಾತಾಡಿದರು.

"ಇಲ್ಲ, ಮಿಸ್ಟರ್ ಕ್ರ್ಯಾಬ್. ಹೇಳ್ಬೇಕಿತ್ತು. ನಿಮ್ಮ ಕಡಸು ಬಿದ್ದಾಗ ನಾವು ಬಂದು ದಿಬ್ಬಕ್ಕೆ ಬೇಲಿ ಹಾಕ್ಬೇಕಿತ್ತು. ಅದೂ ಮಾಡ್ಲಿಲ್ಲ. ಹೂಬರ್ಟ್, ನಿನ್ನನ್ನ ಈ ಲೋಕಕ್ಕೆ ತಂದಿದ್ದಕ್ಕೆ ನಾನು ಇವತ್ತಿನವರೆಗೆ ಏನಾದ್ರೂ ಕೇಳಿದೀನಾ?"

ಮೀಚ್ ನಿಟ್ಟುಸಿರುಬಿಟ್ಟ. "ಎರಡೂ ಕಡೇನಾ, ಅಜ್ಜಿ?"

"ದನ ಎರಡೂ ಕಡೆ ಮೇಯತ್ತಲ್ಲ."

ಕ್ರ್ಯಾಬ್ ಟೋಪಿ ತಿರುಗಿಸುತ್ತಾ ನಿಂತ. ಬೇಲಿ ಗಟ್ಟಿಯಿದ್ದರೆ ತನ್ನ ತಕರಾರಿಲ್ಲ ಎಂದ. ಇಟ್ಟಿಗೆಚೂರನ್ನು ತಾನೇ ಎತ್ತಿಸುತ್ತೇನೆ ಎಂದೂ ಹೇಳಿದ. ಅಧಿಕಾರಿ ಅದನ್ನೂ ಬರೆದುಕೊಂಡರು.

ಫೆಬ್ರವರಿಯಲ್ಲಿ ಬೇಲಿಯ ಕೆಲಸ ನಡೆಯಿತು. ಹೇಜಲ್ ಗಿಡಗಳನ್ನು ಬುಡದಲ್ಲಿ ಮುಕ್ಕಾಲು ಕಡಿದು, ಉಳಿದ ತೊಗಟೆಯಲ್ಲಿ ಜೀವವಿರುವಂತೆ ಬಾಗಿಸಿ, ಒಂದರ ಮೇಲೊಂದು ಮಲಗಿಸಿ ಹೆಣೆಯುವುದು ಮೀಚ್‌ನ ಕೈಕೆಲಸ. ಕಡಿದದ್ದು ಸಾಯುವುದಿಲ್ಲ, ವಸಂತಕ್ಕೆ ಮಲಗಿದ ಕಡೆಯಿಂದಲೇ ಚಿಗುರುತ್ತದೆ. ಹದಿನೇಳು ಜನ ಬಂದರು, ಕ್ರ್ಯಾಬ್ ಕೂಡ ಮಚ್ಚು ಹಿಡಿದು ಬಂದ. ಮೀಚ್ ಅವನ ಕೆಲಸ ನೋಡಿ, ಸಾಮರ್‌ಸೆಟ್‌ನಲ್ಲಿ ಬೇಲಿಯನ್ನು ಹಲ್ಲಿನಿಂದ ಕಡಿಯುತ್ತಾರೇನೋ ಎಂದ. ನಾನು ಸೇಬಿನ ಕೇಕು ಒಯ್ದಿದ್ದೆ, ಸಕ್ಕರೆ ಸಾಲದೆ ಅಜ್ಜಿಯ ಜೇನು ಹಾಕಿ ಮಾಡಿದ್ದು.

ಏಪ್ರಿಲಿನಲ್ಲಿ ತಿದ್ದಿದ ಪಟ್ಟಿ ಬಂತು. ಇಪ್ಪತ್ತನಾಲ್ಕನೆಯದು ಹಾಲ್ವೇ. ತಡಮೆ ಇಲ್ಲ, ಗೇಟು ಇಲ್ಲ.

ಆ ವರ್ಷ ಈಸ್ಟರ್ ಕಳೆದ ಐದನೆಯ ವಾರದ ಸೋಮವಾರ ಎಲ್ಲೆಯ ನಡಿಗೆ ಮತ್ತೆ ಹೊರಟಿತು. ಎಲ್ಲೆ ಹೇಳಬೇಕಾದವಳು ನಾನು ಎಂದು ಪಾದ್ರಿಗಳೇ ತೀರ್ಮಾನಿಸಿದ್ದರು. ಮುಳ್ಳಿನ ಮೆಳೆಯ ಹತ್ತಿರ ಅಜ್ಜಿ ತಮ್ಮ ಮನೆಯಿಂದ ಬಂದು ಸೇರಿಕೊಂಡರು, ಕ್ರ್ಯಾಬ್ ಅವರಿಗೆ ತೋಳು ಕೊಟ್ಟ. ಬಾಗಿದ ಹೇಜಲ್ ಸಾಲಿನುದ್ದಕ್ಕೂ ಚಿಗುರು ಎದ್ದಿತ್ತು. ಓಣಿಯ ಬಾಯಲ್ಲಿ ನಿಂತು ನಾನು ಮೂರನೆಯ ಸಾಲು ಹೇಳಿದೆ, ನನ್ನ ಎಂದಿನ ಮೆಲುದನಿಯಲ್ಲಿ.

ಹಿಂದಿನಿಂದ ಅಜ್ಜಿ ಕೂಗಿದರು. "ಕೇಳಿಸ್ತಿಲ್ಲ, ಮಗಳೇ. ಕೊನೇಲಿ ಬರ್ತಿರೋರಿಗೂ ಕೇಳಿಸ್ಲಿ."

ನಾನು ಉಸಿರು ತುಂಬಿಕೊಂಡು ಆ ಸಾಲನ್ನು ಇನ್ನೊಮ್ಮೆ ಹೇಳಿದೆ. ಕಲ್ಲಿನ ಗೋಡೆಗಳು ಅದನ್ನು ಹಿಡಿದುಕೊಂಡು ಕೆಳಗೆ ಚರ್ಚಿನವರೆಗೂ ಒಯ್ದವು. ನಾವು ಅದರ ಹಿಂದೆ ಇಳಿದೆವು.