ಅಲುಗದೆ ಕೂತ ಮಗು

ವಾಲ್ಪರೈಸೊ ಊರು ಭೂಕಂಪಕ್ಕೆ ಕುಸಿದಾಗಿನಿಂದ ಸೊಯ್ಲಾ ಒಂದೆಡೆ ಕೂತವಳಲ್ಲ. ಡೇರೆಯೊಳಗಿದ್ದರೆ ನೆಲ ಮತ್ತೆ ನಡುಗಿದಂತಾಗಿ ಹೊರಗೋಡುವಳು. ಹೊರಗೆ ಬಂದರೆ ಮಗುವಿಗೆ ಗಾಳಿ ತಾಗೀತೆಂದು ಒಳಗೆ. ಗಂಡ ನಿಕಾನೋರ್ ದೂರದ ಉತ್ತರದಲ್ಲಿ, ಪೆಟ್ಲುಪ್ಪಿನ ಗಣಿಯಲ್ಲಿದ್ದ. ಟೆಲಿಗ್ರಾಫ್ ತಂತಿ ಕಡಿದುಹೋಗಿತ್ತು. ತಾನೂ ಮಗಳೂ ಬದುಕಿದ್ದೇವೆಂದು ಅವನಿಗೆ ತಿಳಿಸುವುದು ಹೇಗೆ?

ಅಂಥದ್ದರಲ್ಲಿ ಮೂರು ಕಾಲಿನ ಪೆಟ್ಟಿಗೆ ಹೊತ್ತು ದೋನ್ ಒಕ್ತಾವಿಯೊ ಬಂದ. ಚಲಿಸುವ ಚಿತ್ರ ತೆಗೆಯುತ್ತಾನಂತೆ.

"ಇದನ್ನ ಎಲ್ಲಿ ತೋರಿಸ್ತೀರಿ, ಸ್ವಾಮಿ?"

"ಮೊದ್ಲು ರಾಜಧಾನೀಲಿ. ಆಮೇಲೆ ಹಡಗು ಹತ್ತಿ ಉತ್ತರದ ಗಣಿಗಳಿಗೆ."

ಹಾಗಾದರೆ ನಿಕಾನೋರ್ ಇದನ್ನು ನೋಡಿಯಾನು. ಸೊಯ್ಲಾ ತಲೆ ಬಾಚಿ, ಕರಿ ಶಾಲು ಹೊದ್ದು, ನಿದ್ದೆಹೋದ ಮಗಳು ರೊಸಾಲ್ಬಾಳನ್ನು ತೊಡೆಯ ಮೇಲಿಟ್ಟುಕೊಂಡು ಮುರಿದ ಮೆಟ್ಟಿಲ ಮೇಲೆ ಕೂತಳು.

"ಏನೇ, ಮದುವಣಗಿತ್ತಿ ಥರ ಕೂತ್ಬಿಟ್ಟೆ," ಎಂದಳು ಪಕ್ಕದ ಡೇರೆಯ ಮುದುಕಿ ಫಿದೇಲಿಯಾ. "ನಿನ್ ಗಂಡ ಇವಳ್ಯಾರಪ್ಪ ಅಂದಾನು."

"ಶಾಲು ಮುಂದಕ್ಕೆ ಎಳ್ಕೊಳ್ಳಮ್ಮ. ಕಣ್ಣು ಕೆಳಗೆ," ಎಂದ ಒಕ್ತಾವಿಯೊ. "ನೋಡಿದೋರ ಕರುಳು ಚುರ್ರ್ ಅನ್ಬೇಕು. ಹಾಂ, ಅಲುಗಬೇಡ."

ಪೆಟ್ಟಿಗೆಯ ಹಿಡಿ ತಿರುಗತೊಡಗಿತು.

ಅಲುಗಬೇಡ. ಈ ಮಾತನ್ನು ಅವಳು ಹಿಂದೆಯೂ ಕೇಳಿದ್ದಳು. ಚೊಚ್ಚಲ ಗಂಡುಮಗು ತೀರಿಕೊಂಡಾಗ, ಎಲ್ಲರೂ ಮಾಡುವಂತೆ ಅದಕ್ಕೆ ಕಾಗದದ ರೆಕ್ಕೆ ಕಟ್ಟಿ ಪುಟ್ಟ ದೇವದೂತನನ್ನಾಗಿ ಮಾಡಿ, ಇದೇ ಶಾಲಿನಲ್ಲಿ, ಇದೇ ತೊಡೆಯ ಮೇಲಿಟ್ಟುಕೊಂಡು ಪಟ ತೆಗೆಸಿದ್ದಳು. ಆ ಪಟ ಈಗಲೂ ಗಣಿಯಲ್ಲಿ ನಿಕಾನೋರನ ಬಟ್ಟೆಪೆಟ್ಟಿಗೆಯಲ್ಲಿದೆ. ಗಣಿಯ ಬಿಳಿ ಪರದೆಯ ಮೇಲೆ ಅವನು ಇದನ್ನು ಕಂಡರೆ? ಇನ್ನೊಂದೂ ಹೋಯಿತು ಅಂದುಕೊಳ್ಳುವುದಿಲ್ಲವೇ?

ಶಾಲಿನೊಳಗೆ ಕೈ ಹಾಕಿ ಮಗುವಿನ ತೊಡೆ ಚಿವುಟಿದಳು. ರೊಸಾಲ್ಬಾ ಕಿಟಾರನೆ ಕಿರುಚಿ ಕಾಲು ಬಡಿಯತೊಡಗಿದಳು.

ಒಕ್ತಾವಿಯೊ ಕೈ ನಿಲ್ಲಿಸಿದ. "ಎಷ್ಟು ಚೆನ್ನಾಗಿ ಬರ್ತಿತ್ತಮ್ಮಾ. ಅಳಿಸಿ ಏನು ಪ್ರಯೋಜನ, ಇದ್ರಲ್ಲಿ ಧ್ವನಿ ಕೇಳಲ್ಲ."

"ಬಾಯಿ ಕಾಣತ್ತಲ್ಲ. ತಿರುಗಿಸಿ ಸ್ವಾಮಿ."

ಅವನು ಗೊಣಗುತ್ತಲೇ ಹಿಡಿ ತಿರುಗಿಸಿದ. ಸೊಯ್ಲಾ ಶಾಲು ಕಿತ್ತೆಸೆದು, ಒದ್ದಾಡುವ ಮಗುವನ್ನು ಪೆಟ್ಟಿಗೆಯ ಕಣ್ಣಿಗೆ ಎತ್ತಿ ಹಿಡಿದಳು.

"ಇದನ್ನ ಕತ್ತರಿಸಿ ಬಿಸಾಕ್ಬೇಡಿ."

"ನೋಡೋಣ."

"ಬಿಸಾಕ್ಲಿ, ಆ ಪೆಟ್ಟಿಗೆ ಮೂರು ಕಾಲಲ್ಲಿ ಒಂದು ನನ್ ಒಲೆಗೆ ಹೋಗತ್ತೆ," ಎಂದಳು ಫಿದೇಲಿಯಾ.

ಅವನು ಇಳಿಜಾರಿನಲ್ಲಿ ಮರೆಯಾದ ಮೇಲೂ ಮಗು ಅಳುತ್ತಲೇ ಇತ್ತು. ಸೊಯ್ಲಾ ಸುಮ್ಮನಿರು ಅನ್ನಲಿಲ್ಲ. ಚಿವುಟಿದ ಕಡೆ ಹೆಬ್ಬೆರಳಿನಿಂದ ಸವರುತ್ತ, ಡೇರೆಯ ಒಳಗೂ ಹೊರಗೂ ಓಡಾಡುತ್ತಿದ್ದಳು.